ಗಡ್ಡದ ಮೇಷ್ಟ್ರ ಉಚ್ಚಾರಣೆ
ನೆದರ್ಲೆಂಡ್ಸ್‌ಗೆ ಬಂದ ಹೊಸತರಲ್ಲಿ ಮೀಟಿಂಗ್‌ನಲ್ಲಿ ನಾನು ಬಾಯೇ ಬಿಡ್ತಿರಲಿಲ್ಲ. ನನ್ನ ಇಂಗ್ಲಿಷ್ ಕೇಳಿ ನಕ್ಕುಬಿಟ್ರೆ? ಆಗ ಯೂಟ್ಯೂಬ್‌ನಲ್ಲಿ ಸಿಕ್ಕವರು ಕ್ರೀಟ್ ಟಿಟುಲಾರ್. ಓದಿದ್ದು ಖಗೋಳಶಾಸ್ತ್ರ. 1980ರ ದಶಕದಲ್ಲಿ ‘ವೊಂಡರೆ ವೆರೆಲ್ಡ್’, ಅಂದರೆ ಅದ್ಭುತ ಜಗತ್ತು ಎಂಬ ಟಿವಿ ಕಾರ್ಯಕ್ರಮದಲ್ಲಿ ಹೊಸ ತಂತ್ರಜ್ಞಾನವನ್ನು ಡಚ್ಚರ ಮನೆಮನೆಗೆ ತಲುಪಿಸಿದವರು. ಮುಖದ ತುಂಬ ಗಡ್ಡ, ಅಪ್ಪಟ ಲಿಂಬರ್ಗ್ ಸೀಮೆಯ ಉಚ್ಚಾರಣೆ. ಅಣಕಿಸಿದವರಿದ್ದರು, ಅವರು ಮಾತ್ರ ಹಾಗೇ ಮಾತಾಡಿದರು.

1989ರಲ್ಲಿ ರೋಸ್ಮಾಲೆನ್‌ನಲ್ಲಿ ಅವರ ಕನಸಿನ ‘ಭವಿಷ್ಯದ ಮನೆ’ ತೆರೆಯಿತು. ಬಾಯಲ್ಲಿ ಹೇಳಿದ್ರೆ ಕೆಲಸ ಮಾಡೋ ಮನೆ! (ನಮ್ಮನೆ ಸ್ಮಾರ್ಟ್ ಸ್ಪೀಕರ್‌ಗೆ ಇವತ್ತಿಗೂ ನನ್ನ ಮಾತು ಮೂರನೇ ಸಲಕ್ಕೇ ಅರ್ಥವಾಗೋದು.) 2017ರಲ್ಲಿ ಅವರು ತೀರಿಕೊಂಡರು.

ಮೊನ್ನೆ ಡೆಮೋ ಕೊಟ್ಟೆ, ನನ್ನ ಹಾಸನದ ಇಂಗ್ಲಿಷಿನಲ್ಲೇ. ಒಬ್ಬ ಎರಡು ಸಲ ‘ಏನಂದ್ರಿ?’ ಅಂದ. ಎರಡು ಸಲವೂ ಮತ್ತೆ ಹೇಳಿದೆ.