ಸಾರಿನಲ್ಲಿ ಬೆರೆಸಿದ ಪುಡಿ

ಕಳೆದ ತಿಂಗಳು ಹಳೆಯ ವಿದ್ಯಾರ್ಥಿಯೊಬ್ಬ ದೂರವಾಣಿಯಲ್ಲಿ ಕುಶಲ ವಿಚಾರಿಸಿದ. ಆಮೇಲೆ ಸ್ವಲ್ಪ ತಡವರಿಸಿ, "ಸಾರ್, ಕುಡಿತ ಬಿಡಿಸುವ ಪುಡಿಯೊಂದು ಸಿಗುತ್ತದಂತೆ. ಅಣ್ಣನಿಗೆ ಗೊತ್ತಾಗದ ಹಾಗೆ ಸಾರಿನಲ್ಲಿ ಹಾಕಿದರೆ ಸಾಕಂತೆ. ತರಿಸಬಹುದೇ?" ಎಂದು ಕೇಳಿದ. ಕೂಡದು ಎಂದೆ. ಏಕೆ ಕೂಡದೆಂದು ಹೇಳಲು ಆಗ ನನಗೆ ಬಾಯಿ ಬರಲಿಲ್ಲ. ಆ ಕಾರಣವನ್ನು ಇಲ್ಲಿ ಬರೆಯುತ್ತಿದ್ದೇನೆ. ಅವನಂತೆಯೇ ಯೋಚಿಸುವವರು ನಿಮ್ಮಲ್ಲಿ ಇನ್ನೂ ಕೆಲವರು ಇರಬಹುದು.

1998ರಲ್ಲಿ ಅಂಥ ಪುಡಿಯನ್ನು ವಿ.ಪಿ.ಪಿ. ಮೂಲಕ ತರಿಸಿಕೊಟ್ಟವನು ನಾನೇ.

ನಾನು ಆಗ ಕುಂದಾಪುರದ ಕಡೆಯ ಹಳ್ಳಿಯೊಂದರ ಶಾಲೆಯಲ್ಲಿದ್ದೆ. ನನ್ನ ಬಳಿ ಓದಿದ್ದ ಒಬ್ಬಾತ ಸಾರಾಯಿಗೆ ಬಿದ್ದಿದ್ದ. ಅವನ ಹೆಂಡತಿ ಮಗುವನ್ನು ಸೊಂಟದಲ್ಲಿಟ್ಟುಕೊಂಡು ನಮ್ಮ ಜಗಲಿಗೆ ಬಂದು ಅತ್ತಳು. ಪತ್ರಿಕೆಯ ಮೂಲೆಯಲ್ಲಿ "ರೋಗಿಗೆ ತಿಳಿಯದಂತೆ ಊಟದಲ್ಲಿ ಬೆರೆಸಿರಿ" ಎಂಬ ಜಾಹೀರಾತನ್ನು ನಾನು ನೋಡಿದ್ದೆ. ಮೇಷ್ಟ್ರು ಹೇಳಿದ ಮೇಲೆ ಅನುಮಾನವೇನು? ಆಕೆ ಬೆರೆಸಿದಳು. ಮೂರನೆಯ ದಿನ ಸಂಜೆ ಆತ ಎಂದಿನಂತೆ ಕುಡಿದ. ಮುಖ ಕೆಂಡದಂತಾಯಿತು, ಎದೆ ಹೊಡೆದುಕೊಂಡಿತು, ವಾಂತಿ ಮಾಡುತ್ತ ದಾರಿಯಲ್ಲಿಯೇ ಕುಸಿದ. ಬಾಡಿಗೆ ಜೀಪಿನಲ್ಲಿ ಆಸ್ಪತ್ರೆಗೆ ಒಯ್ದೆವು. ವೈದ್ಯರು ಪೊಟ್ಟಣವನ್ನು ತಿರುಗಿಸಿ ತಿರುಗಿಸಿ ನೋಡಿದರು. ಒಳಗೇನಿದೆ ಎಂಬ ಒಂದಕ್ಷರವೂ ಅದರ ಮೇಲಿರಲಿಲ್ಲ. ಅವರು ನನ್ನನ್ನು ಬೈಯಲಿಲ್ಲ, ಬೈದಿದ್ದರೆ ಚೆನ್ನಾಗಿತ್ತು.

ಆತ ಬದುಕಿದ. ಆದರೆ ಮನೆಯಲ್ಲಿ ಉಣ್ಣುವುದನ್ನು ಬಿಟ್ಟ. ಸುಮಾರು ಒಂದು ವರ್ಷ ಅಂಗಡಿಯ ಮಂಡಕ್ಕಿ, ಬೇಯಿಸಿದ ಮೊಟ್ಟೆ, ಮೇಲೆ ಸಾರಾಯಿ. ಅವನನ್ನು ಹಿಡಿದಿಡಲು ಉಳಿದಿದ್ದ ಒಂದೇ ಹಗ್ಗ ಮನೆಯ ಊಟ. ಅದನ್ನು ನಾನೇ ಕಡಿದಿದ್ದೆ.

ಡೈಸಲ್ಫಿರಾಂ ಎಂಬ ಔಷಧವೊಂದಿದೆ. ಮದ್ಯಪಾನದ ಚಿಕಿತ್ಸೆಯಲ್ಲಿ ಅದರ ಉಪಯೋಗವನ್ನು 1940ರ ದಶಕದಲ್ಲಿ ಡೆನ್ಮಾರ್ಕಿನ ವಿಜ್ಞಾನಿಗಳು ಗುರುತಿಸಿದರು. ಮದ್ಯವು ದೇಹದಲ್ಲಿ ಕರಗುವ ಹಾದಿಯನ್ನು ಅದು ನಡುವೆಯೇ ತಡೆಯುತ್ತದೆ. ವಿಷಕಾರಿಯಾದ ಅಸಿಟಾಲ್ಡಿಹೈಡ್ ರಕ್ತದಲ್ಲಿ ಶೇಖರವಾಗುತ್ತದೆ. ರಕ್ತದೊತ್ತಡ ಕುಸಿದು ಪ್ರಾಣವೂ ಹೋಗಬಹುದು. ರೋಗಿಯು ಎಲ್ಲವನ್ನೂ ತಿಳಿದು, ಒಪ್ಪಿ, ವೈದ್ಯರ ಕಣ್ಗಾವಲಿನಲ್ಲಿ ಸೇವಿಸಿದರೆ ಅದು ಊರುಗೋಲು. ತಿಳಿಯದವನಿಗೆ ಸಾರಿನಲ್ಲಿ ಉಣಿಸಿದರೆ ವಿಷಪ್ರಾಶನ. ಎರಡನೆಯದನ್ನು ಪ್ರೀತಿಯೆಂದು ಕರೆಯಲು ನಾನು ಇನ್ನು ಸಿದ್ಧನಿಲ್ಲ.

ನಮ್ಮ ಹಿರಿಯರ ಇನ್ನೊಂದು ಔಷಧವಿದೆ: "ಕುಡಿದು ಬಂದವನಿಗೆ ಅನ್ನ ಹಾಕಬೇಡ, ಹೊಟ್ಟೆ ಕಾದರೆ ಬುದ್ಧಿ ಬರುತ್ತದೆ." ಕುಡುಕನ ಹೊಟ್ಟೆ ಕಾಯುವುದೇ ಇಲ್ಲ ಎಂಬುದು ಈ ಮಾತನ್ನಾಡುವವರಿಗೆ ತಿಳಿಯದು. ಒಂದು ಗ್ರಾಂ ಮದ್ಯಸಾರದಲ್ಲಿ 7 ಕ್ಯಾಲೊರಿಗಳಿವೆ. ಅದು ಹಸಿವನ್ನು ಕೊಲ್ಲುತ್ತದೆ, ಪೋಷಣೆಯನ್ನು ಕೊಡುವುದಿಲ್ಲ. ಉಪವಾಸ ಅವನಿಗೆ ಶಿಕ್ಷೆಯಲ್ಲ, ಅವನ ರೋಗದ ಅರ್ಧಭಾಗ.

ಥಯಾಮಿನ್, ಅಂದರೆ ಬಿ-1 ಜೀವಸತ್ವ, ನಮ್ಮ ದೇಹದಲ್ಲಿ ಕೆಲವೇ ವಾರಗಳಿಗೆ ಸಾಲುವಷ್ಟು ಮಾತ್ರ ಸಂಗ್ರಹವಾಗಿರುತ್ತದೆ. ಕುಡಿಯುವವನು ಉಣ್ಣುವುದೂ ಕಡಿಮೆ, ಉಂಡದ್ದರಿಂದ ಕರುಳು ಅದನ್ನು ಹೀರುವುದೂ ಕಡಿಮೆ. ಅದು ಬರಿದಾದಾಗ ಕಣ್ಣುಗುಡ್ಡೆಗಳ ಚಲನೆ ತಪ್ಪುತ್ತದೆ, ನಡಿಗೆ ತೂರಾಡುತ್ತದೆ, ಮನಸ್ಸು ಮಂಕಾಗುತ್ತದೆ. 1881ರಲ್ಲಿ ಕಾರ್ಲ್ ವೆರ್ನಿಕೆ ಇದನ್ನು ವಿವರಿಸಿದ. ಚಿಕಿತ್ಸೆ ತಡವಾದರೆ ನೆನಪಿನ ಶಕ್ತಿಯೇ ಅಳಿದುಹೋಗಬಹುದು. ಈ ಲಕ್ಷಣಗಳನ್ನು ಇನ್ನೊಮ್ಮೆ ಓದಿ ನೋಡಿ. ಕುಡಿಯದೆ ಬಿದ್ದಿರುವವನನ್ನೂ ಊರವರು "ಮತ್ತೆ ಕುಡಿದಿದ್ದಾನೆ" ಎಂದು ದಾಟಿ ಹೋಗಲು ಇಷ್ಟು ಸಾಕು.

ನಾವು ಶಾಲೆಯಲ್ಲಿ ಬೆರಿಬೆರಿಯ ಪಾಠ ಮಾಡುತ್ತಿದ್ದೆವಲ್ಲ, ಅದೂ ಇದೇ ಜೀವಸತ್ವದ ಕಥೆ. ಜಾವಾದಲ್ಲಿ ಐಕ್‌ಮನ್ ಎಂಬ ಡಚ್ ವೈದ್ಯ, ನಯಗೊಳಿಸಿದ ಅಕ್ಕಿ ತಿಂದು ಕಾಲು ಸೋತ ಕೋಳಿಗಳು ತೌಡು ತಿಂದು ಚೇತರಿಸಿಕೊಂಡದ್ದನ್ನು ಕಂಡ. 1929ರಲ್ಲಿ ನೊಬೆಲ್ ಪಡೆದ. ಭತ್ತವನ್ನು ಬೇಯಿಸಿ ಒಣಗಿಸುವಾಗ ತೌಡಿನ ಸತ್ವ ಕಾಳಿನೊಳಗೆ ಇಳಿಯುತ್ತದೆ. ಆದ್ದರಿಂದ ನಮ್ಮ ಕರಾವಳಿಯ ಕುಚ್ಚಲಕ್ಕಿ ಗಂಜಿ, ತಿಳಿಯನ್ನು ಬಸಿಯದೆ ಉಣ್ಣುವ ಗಂಜಿ, ಬಡವರ ಊಟವೆಂದು ಮೂಗು ಮುರಿಯುವಂಥದ್ದಲ್ಲ. (ಈಗ ಮದುವೆಮನೆಗಳಲ್ಲಿ ಕುಚ್ಚಲಕ್ಕಿ ಕೇಳಿದರೆ ಅಡಿಗೆಯವರು ನನ್ನನ್ನು ಒಂದು ಥರ ನೋಡುತ್ತಾರೆ.)

ಹಾಗೆಂದು ಗಂಜಿ ಕುಡಿತವನ್ನು ಬಿಡಿಸುತ್ತದೆಯೇ? ಇಲ್ಲ. ರಾಗಿಯಿಂದ, ನಿಂಬೆರಸದಿಂದ, ದ್ರಾಕ್ಷಿಯಿಂದ ಚಟ ಬಿಡಿಸುತ್ತೇವೆನ್ನುವವರೂ ಪುಡಿ ಮಾರುವವರ ದಾಯಾದಿಗಳೇ. ವರ್ಷಗಟ್ಟಲೆ ಕುಡಿದವನು ದಿಢೀರನೆ ನಿಲ್ಲಿಸಿದರೆ ಫಿಟ್ಸ್ ಬರಬಹುದು, ಸನ್ನಿ ಹಿಡಿಯಬಹುದು. ಬಹುಕಾಲ ಬರಿಹೊಟ್ಟೆಯಲ್ಲಿದ್ದವನಿಗೆ ಒಮ್ಮೆಗೇ ಹೊಟ್ಟೆತುಂಬ ಉಣಿಸುವುದೂ ಅಪಾಯವೇ. ಮೊದಲ ದಿನಗಳು ಆಸ್ಪತ್ರೆಗೆ ಸೇರಿದವು. 2019ರಲ್ಲಿ ಪ್ರಕಟವಾದ ಕೇಂದ್ರ ಸರಕಾರದ ಸಮೀಕ್ಷೆಯಂತೆ, ಮದ್ಯವ್ಯಸನಿಗಳಾದ 38 ಮಂದಿಯಲ್ಲಿ ಒಬ್ಬನಿಗೆ ಮಾತ್ರ ಯಾವುದಾದರೊಂದು ಚಿಕಿತ್ಸೆ ದೊರೆತಿತ್ತು. ಉಳಿದ 37 ಮಂದಿಗೆ ಪುಡಿ, ಆಣೆ, ಹರಕೆ, ಬೈಗುಳ. ನಮ್ಮ ರಾಜ್ಯದಲ್ಲಿ 2007ರ ಜುಲೈಯಲ್ಲಿ ಸಾರಾಯಿಯನ್ನು ನಿಷೇಧಿಸಿದಾಗ ನಾವು ಸಿಹಿ ಹಂಚಿದೆವು. ಪಾಕೀಟಿನ ಜಾಗದಲ್ಲಿ ಅಗ್ಗದ ವಿಸ್ಕಿ ಬಂದು ಕುಳಿತಿತು.

ಏಟು ತಿಂದ ಹೆಂಡತಿ, ಹೊಡೆದವನಿಗೆ ತಟ್ಟೆ ಇಡಲೇಬೇಕೆಂದು ನಾನು ಹೇಳುತ್ತಿಲ್ಲ. ಆಕೆ ಮಕ್ಕಳೊಂದಿಗೆ ತವರಿಗೆ ಹೋದರೆ ಅದು ಸರಿಯೇ. ನನ್ನ ಜಗಳ ಇರುವುದು ದೂರದಲ್ಲಿ ಕುಳಿತು ಅನ್ನವನ್ನು ದಂಡವಾಗಿಯೋ ಬಲೆಯಾಗಿಯೋ ಬಳಸಲು ಹೇಳಿಕೊಡುವ ನನ್ನಂಥ ಹಿತೈಷಿಗಳೊಡನೆ.

ನಾನು ಹೇಳಿದ ಆ ಮನುಷ್ಯ 2001ರಲ್ಲಿ ತಾನಾಗಿಯೇ ಹೋಗಿ ಆಸ್ಪತ್ರೆಗೆ ಸೇರಿದ. ಎರಡು ಸಲ ಜಾರಿದ, ಮೂರನೆಯ ಸಲ ನಿಂತ. ಸಂಜೆ ನಾಲ್ಕರಿಂದ ಆರರವರೆಗೆ ಹೊಟ್ಟೆ ಖಾಲಿ ಬಿಡಬಾರದೆಂದು ಅಲ್ಲಿ ಅವನಿಗೆ ಹೇಳಿಕೊಟ್ಟಿದ್ದರು. ಕುಡಿತ ಬಿಟ್ಟವರ ಕೂಟಗಳಲ್ಲಿ ಹಸಿವು, ಸಿಟ್ಟು, ಒಂಟಿತನ, ದಣಿವು ಎಂಬ ನಾಲ್ಕರ ಬಗ್ಗೆ ಎಚ್ಚರ ಹೇಳುತ್ತಾರೆ; ಹಸಿವಿಗೆ ಅಲ್ಲಿ ಮೊದಲ ಸ್ಥಾನ. ಐದು ಗಂಟೆಗೆ ಅವಲಕ್ಕಿ, ಬಾಳೆಹಣ್ಣು ತಿಂದು ಆತ ತೋಟಕ್ಕೆ ಇಳಿಯುತ್ತಿದ್ದ. ಮನೆಯಲ್ಲಿ ಬಹಳ ದಿನ ತಾನೇ ಪಾತ್ರೆಯಿಂದ ಬಡಿಸಿಕೊಳ್ಳುತ್ತಿದ್ದನಂತೆ. ಆಕೆ ಸುಮ್ಮನೆ ಸೌಟು ಕೊಡುತ್ತಿದ್ದಳಂತೆ.

ನಿವೃತ್ತನಾದ ವರ್ಷ ಅವರಿಬ್ಬರನ್ನೂ ಊಟಕ್ಕೆ ಕರೆದೆ. ಪುಡಿ ತರಿಸಿದವನು ನಾನೆಂದು ಅವನಿಗೆ ಅಂದು ಹೇಳಿದೆ. "ಗೊತ್ತಿತ್ತು ಮಾಷ್ಟ್ರೇ" ಎಂದ. ನಾನು ಬಡಿಸಿಕೊಂಡ ಪಾತ್ರೆಯಿಂದಲೇ ಅವನಿಗೂ ಅನ್ನ ಬಡಿಸಿದೆ. ಪಲ್ಯ ಹಾಕಿಸಿಕೊಂಡ, ಉಪ್ಪಿನಕಾಯಿ ಕೇಳಿ ತೆಗೆದುಕೊಂಡ. ಸಾರಿನ ಸೌಟು ಎತ್ತಿದಾಗ ಮಾತ್ರ ಅಂಗೈ ಅಡ್ಡ ಹಿಡಿದು, ಮಜ್ಜಿಗೆ ಕಲಸಿಕೊಂಡು ಉಂಡ.