ಬಾಂದಿನ ತಂಟೆಯೂ ನ್ಯಾಯಾಲಯದ ದಾರಿಯೂ

ಹೊಲದ ನಡುವೆ ಬೆಳೆಯುವ ಕಳೆಯನ್ನು ಒಕ್ಕಲಿಗನು ವರ್ಷವರ್ಷವೂ ಕಿತ್ತು ಹಾಕುವನು; ಹೊಲದ ಅಂಚಿನಲ್ಲಿ ಬೆಳೆಯುವ ಹಗೆಯನ್ನು ಮಾತ್ರ ತಲೆಮಾರುಗಳವರೆಗೆ ಬೆಳೆಯಗೊಡುವನು. ಗದಗ-ಬೆಟಗೇರಿ, ಲಕ್ಷ್ಮೇಶ್ವರಗಳ ಎರೆಯ ಹೊಲಗಳಿರಲಿ, ಶಿರಹಟ್ಟಿ, ಮುಂಡರಗಿಗಳ ಮಸಬಿನ ಹೊಲಗಳಿರಲಿ, ಬಾಂದಿನ ತಂಟೆಯಿಲ್ಲದ ಊರು ವಿರಳವೆಂದೇ ಹೇಳಬೇಕು. ಈ ತಂಟೆಗಳಲ್ಲಿ ಊರ ಹಿರಿಯರ ಕರ್ತವ್ಯವೇನು, ನ್ಯಾಯಾಲಯದ ಸ್ಥಾನವೇನು ಎಂಬುದನ್ನು ವಿಚಾರಿಸುವದು ಅವಶ್ಯವಾಗಿದೆ.

ಒತ್ತುವರಿಯು ಬಹುಶಃ ಒಂದೇ ದಿನದಲ್ಲಿ ಆಗುವದಿಲ್ಲ. 33 ಅಡಿಯ ಸರಪಳಿಯಿಂದ 20 ಸರಪಳಿ, ಅಂದರೆ 660 ಅಡಿ ಉದ್ದದ ಬಾಂದನ್ನು ನೆರೆಯವನು ವರ್ಷಕ್ಕೆ ಅರ್ಧ ಅಡಿಯಂತೆ ರಂಟೆಯಿಂದ ಕೆತ್ತುತ್ತ ಬಂದನೆಂದು ತಿಳಿಯಿರಿ. 12 ವರ್ಷಗಳಲ್ಲಿ ಅವನು 6 ಅಡಿ ಒಳಗೆ ಬರುವನು. ಹೋದ ನೆಲವು 3,960 ಚದರಡಿ. ಒಂದು ಗುಂಟೆಗೆ 1,089 ಚದರಡಿಯಾದ್ದರಿಂದ ಮೂರೂವರೆ ಗುಂಟೆಗೂ ಮಿಕ್ಕಿ ನೆಲ ಕೈಬಿಟ್ಟಿತು. ಆದರೆ ಪ್ರತಿಯೊಂದು ತಂಟೆಯಲ್ಲಿಯೂ ನೆರೆಯವನ ದುರಾಶೆಯೇ ಕಾರಣವೆಂದು ಭಾವಿಸಲಾಗದು. ಬೇಸಿಗೆಯಲ್ಲಿ ಬಿರಿದು ಮಳೆಗಾಲದಲ್ಲಿ ಉಬ್ಬುವ ಎರೆಯಲ್ಲಿ ಬಾಂದುಗಲ್ಲು ತಾನಾಗಿಯೇ ಓರೆಯಾಗುವದುಂಟು. ಹರಿವ ನೀರು ಬದುವನ್ನು ಕೊಚ್ಚಿಕೊಂಡು ಹೋಗುವದುಂಟು. ಅಣ್ಣತಮ್ಮಂದಿರು ಬಾಯಿಮಾತಿನಿಂದ ಪಾಲಾಗಿ, ಪೋಡಿ ಮಾಡಿಸದೆ ಉಳಿದ ಹಿಸ್ಸೆಗಳು ಮೊಮ್ಮಕ್ಕಳ ಕಾಲಕ್ಕೆ ವ್ಯಾಜ್ಯದ ಬೀಜಗಳಾಗುವವು.

ಈ ಸೀಮೆಯ ಕಾಗದಪತ್ರಗಳಿಗೆ ಇನ್ನೊಂದು ವಿಶೇಷವುಂಟು. 1948ರವರೆಗೆ ಗದಗವು ಮುಂಬಯಿ ಇಲಾಖೆಯ ಧಾರವಾಡ ಜಿಲ್ಲೆಯಲ್ಲಿಯೂ, ಲಕ್ಷ್ಮೇಶ್ವರವು ಹಿರಿಯ ಮಿರಜ ಸಂಸ್ಥಾನದಲ್ಲಿಯೂ, ಶಿರಹಟ್ಟಿಯು ಸಾಂಗಲಿ ಸಂಸ್ಥಾನದಲ್ಲಿಯೂ ಇದ್ದವು. 1956ರಲ್ಲಿ ಇವೆಲ್ಲವೂ ಮೈಸೂರು ರಾಜ್ಯಕ್ಕೆ ಸೇರಿ, 1997ರಲ್ಲಿ ಗದಗವು ಪ್ರತ್ಯೇಕ ಜಿಲ್ಲೆಯಾಯಿತು. ಆದಕಾರಣ ಮನೆಯ ಪೆಟ್ಟಿಗೆಯಲ್ಲಿರುವ ಹಳೆಯ ಕಾಗದಗಳೆಲ್ಲ ಒಂದೇ ದಫ್ತರದಿಂದ ಬಂದವುಗಳಲ್ಲ. ಅವುಗಳನ್ನು ಗೆದ್ದಲಿಗೆ ಬಿಡದೆ, ಇಂದಿನ ದಾಖಲೆಯೊಡನೆ ಹೋಲಿಸಿ ನೋಡಿ ಇಡತಕ್ಕದ್ದು.

ತಂಟೆ ಹುಟ್ಟಿದೊಡನೆ ಅನೇಕರು ಉತಾರವನ್ನು ಹಿಡಿದು ಕಾದಾಡುವರು. ಉತಾರವು ಖಾತೆದಾರನ ಹೆಸರನ್ನೂ ಕ್ಷೇತ್ರವನ್ನೂ ಹೇಳುವದೇ ಹೊರತು ಬಾಂದು ಎಲ್ಲಿ ಹಾಯ್ದಿದೆಯೆಂಬುದನ್ನು ತೋರಿಸುವದಿಲ್ಲ. ಅದನ್ನು ತೋರಿಸುವವು ಭೂಮಾಪನದ ಟಿಪ್ಪಣವೂ ನಕಾಶೆಯೂ. ಆದ್ದರಿಂದ ಮೊದಲ ಕೆಲಸವು ಜಗಳವಲ್ಲ, ವಕೀಲರ ಮನೆಯೂ ಅಲ್ಲ. ಹದ್ದುಬಸ್ತಿಗೆ ಅರ್ಜಿ ಕೊಡುವದು. ನೆರೆಹೊರೆಯ ಹಿಡುವಳಿದಾರರಿಗೆ ತಿಳಿವಳಿಕೆ ಕೊಟ್ಟು, ಅವರ ಸಮಕ್ಷಮದಲ್ಲಿ ಅಳತೆಯಾಗಿ ಕಲ್ಲು ನಡಲ್ಪಟ್ಟರೆ ಎಷ್ಟೋ ತಕರಾರುಗಳು ಹೊಲದಲ್ಲಿಯೇ ಮುಗಿಯುವವು.

ಅಳತೆಗೂ ನೆರೆಯವನು ಒಪ್ಪದಿದ್ದರೆ, ಅಥವಾ ನೆಲದ ಒಡೆತನವೇ ತನ್ನದೆಂದು ವಾದಿಸಿದರೆ, ದಿವಾಣಿ ನ್ಯಾಯಾಲಯದ ಹೊರತು ಗತಿಯಿಲ್ಲ. 1964ರ ಕರ್ನಾಟಕ ಭೂಕಂದಾಯ ಅಧಿನಿಯಮದಂತೆ ಹಕ್ಕುದಾಖಲೆಯ ನಮೂದು, ವಿರುದ್ಧ ಸಿದ್ಧವಾಗುವವರೆಗೆ ಸತ್ಯವೆಂದು ಗ್ರಹಿಸಲ್ಪಡುವದು. ಒಡೆತನದ ಕೊನೆಯ ನಿರ್ಣಯವು ನ್ಯಾಯಾಲಯದ್ದು. ಇಲ್ಲಿ ಒಕ್ಕಲಿಗರು ಎರಡು ತಪ್ಪುಗಳನ್ನು ಮಾಡುವರು. ಮೊದಲನೆಯದು, ಒಡೆತನಕ್ಕೇ ಸಂದೇಹ ಬಂದಿರುವಾಗ ಬರಿಯ ತಡೆಯಾಜ್ಞೆಯನ್ನು ಬೇಡುವದು. ಹಕ್ಕಿನ ಘೋಷಣೆಯನ್ನೂ, ನೆಲ ಕೈಬಿಟ್ಟಿದ್ದರೆ ಸ್ವಾಧೀನವನ್ನೂ ಕೇಳಲೇಬೇಕೆಂದು ಸರ್ವೋಚ್ಚ ನ್ಯಾಯಾಲಯವು 2008ರಲ್ಲಿ ಅನಾಥುಲ ಸುಧಾಕರ ಎಂಬವರ ಮೊಕದ್ದಮೆಯಲ್ಲಿ ಸ್ಪಷ್ಟಪಡಿಸಿದೆ. ಎರಡನೆಯದು ಕಾಲಹರಣ. ಬಲಾತ್ಕಾರದಿಂದ ನೆಲ ಕಳಕೊಂಡವನು 6 ತಿಂಗಳೊಳಗೆ ದಾವೆ ಹೂಡಿದರೆ ಒಡೆತನದ ಚರ್ಚೆಯಿಲ್ಲದೆಯೇ ಸ್ವಾಧೀನವನ್ನು ಮರಳಿ ಪಡೆಯಬಹುದು. ಒಡೆತನದ ಆಧಾರದಿಂದ ಕೇಳುವವನಿಗೆ, ಎದುರಾಳಿಯ ಸ್ವಾಧೀನವು ಅವನಿಗೆ ಪ್ರತಿಕೂಲವಾದಂದಿನಿಂದ 12 ವರ್ಷಗಳ ಅವಧಿಯುಂಟು. ಅದು ಮೀರಿದ ಮೇಲೆ ಹಕ್ಕೇ ಹೋಗುವ ಭಯವಿದೆ. ಅಳತೆಯ ವಿಷಯದಲ್ಲಿ ವಾದವಿದ್ದರೆ ಸ್ಥಳಪರೀಕ್ಷೆಗೆ ಕಮಿಶನರನನ್ನು ನೇಮಿಸುವಂತೆ ನ್ಯಾಯಾಲಯವನ್ನು ಬೇಡಬಹುದು. ಸಾಕ್ಷಿಗಳ ಬಾಯಿಮಾತಿಗಿಂತ ಅಂಥ ನಕಾಶೆಯು ಹೆಚ್ಚು ಬೆಲೆಯುಳ್ಳದ್ದು.

ಗೆದ್ದವನು ಸೋತ, ಸೋತವನು ಸತ್ತ ಎಂಬ ಗಾದೆಯನ್ನು ಹೇಳಿ ಊರ ಹಿರಿಯರು ಜನರನ್ನು ಕೋರ್ಟಿನಿಂದ ತಡೆಯುವದುಂಟು. ಸಮಬಲರಾದ ನೆರೆಯವರ ನಡುವೆ ಈ ಉಪದೇಶವು ಒಳ್ಳೆಯದೇ. ಆದರೆ ಒತ್ತಿದವನು ಊರ ಪ್ರಮುಖನಾಗಿ, ಒತ್ತಿಸಿಕೊಂಡವಳು ವಿಧವೆಯಾಗಿದ್ದರೆ? ಅಥವಾ ಹೊಲದೊಡೆಯನು ದುಡಿಯಲು ದೂರದೇಶಕ್ಕೆ ಹೋದ ಬಡವನಾಗಿದ್ದರೆ? ಆಗ "ಹೊಂದಿಕೊಂಡು ಹೋಗಿರಿ" ಎಂಬ ಮಾತು ನ್ಯಾಯವಲ್ಲ, ಒತ್ತುವರಿಗೆ ಹಾಕಿದ ಮೊಹರು. ಅಂಥವರ 12 ವರ್ಷಗಳನ್ನು ಪಂಚಾಯತಿಯ ಕಟ್ಟೆಯ ಮೇಲೆ ಕಳೆಯಿಸುವದು ಹಿರಿತನಕ್ಕೆ ಒಪ್ಪುವ ಕೆಲಸವಲ್ಲ. 1987ರ ಕಾನೂನು ಸೇವೆಗಳ ಅಧಿನಿಯಮದಂತೆ ಸ್ತ್ರೀಯರಿಗೂ, ಪರಿಶಿಷ್ಟ ಜಾತಿ ಪಂಗಡದವರಿಗೂ, ಅಲ್ಪ ಆದಾಯದವರಿಗೂ ವಕೀಲರ ನೆರವು ಧರ್ಮಾರ್ಥವಾಗಿ ದೊರೆಯುವದು. ಅವರಿಗೆ ತಾಲೂಕಿನ ಕಾನೂನು ಸೇವಾ ಸಮಿತಿಯ ದಾರಿಯನ್ನು ತೋರಿಸುವದೇ ನಿಜವಾದ ಗೌಡಿಕೆ. ವಂಶಪರಂಪರೆಯ ಗ್ರಾಮಾಧಿಕಾರಗಳು 1963ರಲ್ಲಿಯೇ ರದ್ದಾದವು. ಆದರೆ ಊರವರು ಹಿರಿಯರೆಂದು ಇಟ್ಟಿರುವ ನಂಬಿಗೆಯನ್ನು ಯಾವ ಕಾನೂನೂ ರದ್ದು ಮಾಡಿಲ್ಲ.

ದಾವೆ ನಡೆದಿರುವಾಗಲೂ ರಾಜಿಯ ಬಾಗಿಲು ಮುಚ್ಚಿರುವದಿಲ್ಲ. ಲೋಕ ಅದಾಲತಿನಲ್ಲಿ ಆದ ತೀರ್ಮಾನಕ್ಕೆ ಡಿಕ್ರಿಯ ಬಲವುಂಟು, ಅದರ ಮೇಲೆ ಅಪೀಲಿಲ್ಲ, ಕಟ್ಟಿದ ಕೋರ್ಟು ಶುಲ್ಕವೂ ಮರಳಿ ಬರುವದು. ಊರಲ್ಲಿಯೇ ರಾಜಿಯಾದರೆ ಅಳತೆಯ ನಕಾಶೆಯೊಡನೆ ಅದನ್ನು ಬರೆದಿಡಬೇಕು. ನೆಲದ ಹಕ್ಕು ಒಬ್ಬರಿಂದೊಬ್ಬರಿಗೆ ಹೋಗುವದಾದರೆ ನೋಂದಣಿ ಮಾಡಿಸಬೇಕು. ಬಾಯಿಮಾತಿನ ರಾಜಿಯು ಆಡಿದವರೊಡನೆ ಸಾಯುವದು.

ಈ ನಾಡಿನ ಹಿಂದಿನವರು ದತ್ತಿಭೂಮಿಗಳ ನಾಲ್ಕೂ ದಿಕ್ಕಿನ ಸೀಮೆಯನ್ನು ಶಾಸನಗಳಲ್ಲಿ ಕೊರೆಯಿಸಿ, ಲಿಂಗಮುದ್ರೆಯ ಕಲ್ಲುಗಳನ್ನು ನಡಿಸಿದರು. ಗುರುತು ಗಟ್ಟಿಯಾಗಿದ್ದರೆ ನೆರೆತನ ಗಟ್ಟಿಯಾಗಿರುವದೆಂಬುದು ಅವರಿಗೆ ತಿಳಿದಿತ್ತು. ಸುಗ್ಗಿ ಮುಗಿದು ಹೊಲಗಳು ಬರಿದಾಗಿರುವಾಗ, ಮುಂಗಾರಿಗೆ ಮೊದಲು, ಪ್ರತಿಯೊಬ್ಬ ಭೂಮಾಲಿಕನು ನೆರೆಯವನನ್ನು ಕರೆದುಕೊಂಡು ಒಮ್ಮೆ ತನ್ನ ಬಾಂದನ್ನು ಸುತ್ತಿ ಬರಲಿ. ಓರೆಯಾದ ಕಲ್ಲನ್ನು ಇಬ್ಬರೂ ಕೂಡಿ ನೋಡಿದಲ್ಲಿ ಕೋರ್ಟಿನ ಮೆಟ್ಟಿಲು ಹತ್ತುವ ಪ್ರಸಂಗ ಬಹುಮಟ್ಟಿಗೆ ಬರಲಾರದು. ಬಂದಾಗ ಸರಿಯಾದ ಕಾಗದದೊಡನೆ, ಸರಿಯಾದ ವೇಳೆಗೆ, ಅಳುಕದೆ ಹತ್ತಲಿ.