ಮೊಲಕ್ಕೆ ಉಪವಾಸ ಬೇಡ

ಶಸ್ತ್ರಚಿಕಿತ್ಸೆಗೆ ಮೊದಲು ರೋಗಿಯನ್ನು ಬರಿಹೊಟ್ಟೆಯಲ್ಲಿ ಇರಿಸುತ್ತಾರೆಂಬುದು ಎಲ್ಲರಿಗೂ ಗೊತ್ತು. ಹೊಟ್ಟೆ ತುಂಬಿದ್ದರೆ ಅರಿವಳಿಕೆಯ ಹೊತ್ತಿನಲ್ಲಿ ವಾಂತಿಯಾಗಿ, ಆಹಾರ ಶ್ವಾಸನಾಳಕ್ಕೆ ಇಳಿಯಬಹುದು. ನಾಯಿ, ಬೆಕ್ಕುಗಳಿಗೂ ಇದೇ ನಿಯಮ. ಆದರೆ ಮನೆಯ ಮೊಲವನ್ನೂ ಹಿಂದಿನ ರಾತ್ರಿಯಿಂದ ಉಪವಾಸ ಕೆಡವಿದರೆ, ಒಳ್ಳೆಯದು ಮಾಡಲು ಹೋಗಿ ಅದರ ಜೀವಕ್ಕೇ ಸಂಚಕಾರ ತಂದಂತಾಗುತ್ತದೆ. ಏಕೆ?

ಮೊಲ ವಾಂತಿ ಮಾಡಲಾರದು. ಅನ್ನನಾಳವು ಜಠರವನ್ನು ಸೇರುವಲ್ಲಿನ ಸ್ನಾಯು ಅಷ್ಟು ಬಿಗಿ. ಇನ್ನೊಂದು ಕಾರಣ ಇದಕ್ಕಿಂತ ದೊಡ್ಡದು. ಮೊಲದ ಕರುಳಿಗೆ ನಾರಿನ ಆಹಾರ ಸದಾ ಬರುತ್ತಿರಬೇಕು. ಅದು ನಿಂತರೆ ಕರುಳಿನ ಚಲನೆಯೂ ನಿಧಾನವಾಗಿ ನಿಲ್ಲುತ್ತದೆ. ಒಳಗಿನ ಸೂಕ್ಷ್ಮಜೀವಿಗಳ ಸಮತೋಲ ಕೆಟ್ಟು ವಾಯು ತುಂಬುತ್ತದೆ. ಆದ್ದರಿಂದ ಹೊರಡುವವರೆಗೂ ಹುಲ್ಲು, ನೀರು ಅದರ ಮುಂದಿರಲಿ. ಬಾಯಿ ಖಾಲಿಯಿರಲೆಂದು ಒಂದೆರಡು ಗಂಟೆ ಮಾತ್ರ ವೈದ್ಯರು ಮೇವು ತೆಗೆಸಬಹುದು.

ಅಪಾಯವಂತೂ ಇದ್ದೇ ಇದೆ. ಬ್ರಿಟನ್ನಿನಲ್ಲಿ ನಡೆದು 2008ರಲ್ಲಿ ಪ್ರಕಟವಾದ ಅಧ್ಯಯನವೊಂದರಲ್ಲಿ, ಅರಿವಳಿಕೆ ಪಡೆದ ಪ್ರತಿ 10,000 ಪ್ರಾಣಿಗಳಿಗೆ ನಾಯಿಗಳಲ್ಲಿ ಸುಮಾರು 17, ಬೆಕ್ಕುಗಳಲ್ಲಿ 24, ಮೊಲಗಳಲ್ಲಿ 139 ಸಾವುಗಳಾಗಿದ್ದವು. ಮೊಲಗಳ ಸಾವುಗಳಲ್ಲಿ ಅರ್ಧಕ್ಕಿಂತ ಹೆಚ್ಚು ಸಂಭವಿಸಿದ್ದು ಶಸ್ತ್ರಚಿಕಿತ್ಸೆಯ ನಂತರ. ಹೊಲಿಗೆ ಹಾಕಿ ಮುಗಿಸಿದೊಡನೆ ಗಂಡಾಂತರ ಕಳೆಯಿತೆಂದು ತಿಳಿಯಬಾರದು.

ತುಕ್ಕಾನಟ್ಟಿ, ಗೋಕಾಕ, ಮೂಡಲಗಿ ಸೀಮೆಯಲ್ಲಿ ಪಶುವೈದ್ಯರ ಮುಂದೆ ಹೆಚ್ಚಾಗಿ ಬರುವುದು ಎಮ್ಮೆ, ಆಕಳು, ಆಡು, ಕುರಿ. ಮೊಲದ ದೇಹ ಅವುಗಳಂತಲ್ಲ. ಒಂದು ಉದಾಹರಣೆ ನೋಡಿ. ಉಮ್ಮತ್ತಿ ಗಿಡದಲ್ಲಿರುವ ಅಟ್ರೋಪಿನ್ ಅರಿವಳಿಕೆಯ ಸಮಯದಲ್ಲಿ ಬಳಸುವ ಔಷಧಿಯೂ ಹೌದು. ಅನೇಕ ಮೊಲಗಳ ರಕ್ತದಲ್ಲಿ ಅದನ್ನು ಬೇಗನೆ ಒಡೆದುಹಾಕುವ ಕಿಣ್ವವಿದೆ; ಅಂಥವುಗಳಿಗೆ ಈ ಔಷಧಿ ನೆಚ್ಚಿಕೆಯದಲ್ಲ. ಆದ್ದರಿಂದ ಮೊಲದ ಅನುಭವವುಳ್ಳ ವೈದ್ಯರನ್ನು ಮೊದಲೇ ವಿಚಾರಿಸಿಕೊಳ್ಳುವುದು ಜಾಣತನ. ಊರು ದೂರವಾದರೆ ಬೆಳಗಿನ ತಂಪಿನಲ್ಲಿ, ಗಾಳಿಯಾಡುವ ಬುಟ್ಟಿಯಲ್ಲಿ ಒಯ್ಯಬೇಕು. ಮೊಲ ಬಿಸಿಲನ್ನು ತಾಳದು. ತಿನ್ನಲು ಅದಕ್ಕೆ ರೂಢಿಯಾದ ಹುಲ್ಲು ಜೊತೆಗಿರಲಿ.

ಮನೆಗೆ ಬಂದ ಮೇಲೆ ಮೂರು ಕೆಲಸ. ಮೊದಲನೆಯದು ಬೆಚ್ಚಗಿಡುವುದು. ಬಿಸಿನೀರಿನ ಬಾಟಲಿಯನ್ನು ಬಟ್ಟೆಯಲ್ಲಿ ಸುತ್ತಿ ಪಕ್ಕಕ್ಕಿಟ್ಟರೆ ಸಾಕು. ಬೇಡವೆನಿಸಿದರೆ ಸರಿದುಕೊಳ್ಳಲು ಜಾಗವಿರಲಿ. ಎರಡನೆಯದು ತಿನ್ನಿಸುವುದು. ಕರಿಕೆ, ಕೊತ್ತಂಬರಿ ಮುಂದಿಡಿ. ಪ್ರೀತಿಯಿಂದ ಕಬ್ಬು, ಬೆಲ್ಲ, ಗೋವಿನಜೋಳ ಕೊಡುವುದು ಬೇಡ. ಮೂರನೆಯದು ಗಾಯದ ನಿಗಾ. ಮರದ ಹೊಟ್ಟಿನ ಬದಲು ಒಗೆದ ಹಳೆಯ ಬಟ್ಟೆ ಹಾಸಿ, ನೊಣ ಕೂಡದಂತೆ ನೋಡಿಕೊಳ್ಳಬೇಕು.

ಪಾಲಕರಿಗೆ ಒಂದು ಎಚ್ಚರಿಕೆ. ಮನೆಯಲ್ಲಿ ಉಳಿದ ಮಾತ್ರೆಗಳನ್ನು ಮೊಲಕ್ಕೆ ಕೊಡಬೇಡಿ. ಮನುಷ್ಯರಿಗೆ ಸಾಮಾನ್ಯವಾದ ಅಮಾಕ್ಸಿಸಿಲಿನ್ ಮೊಲದ ಹೊಟ್ಟೆ ಸೇರಿದರೆ ಕರುಳಿನ ಉಪಕಾರಿ ಜೀವಿಗಳನ್ನು ಕೊಂದು, ವಿಷಕಾರಿ ಬ್ಯಾಕ್ಟೀರಿಯಾಗಳಿಗೆ ದಾರಿ ಬಿಡುತ್ತದೆ. ನೋವಿನ ಔಷಧಿಯನ್ನೂ ವೈದ್ಯರೇ ತೂಕ ನೋಡಿ ಹೇಳಬೇಕು.

ಮಕ್ಕಳೇ, ಬೇಟೆಗೆ ಸಿಕ್ಕುವ ಪ್ರಾಣಿ ತನ್ನ ನೋವನ್ನು ತೋರಿಸಿಕೊಳ್ಳುವುದಿಲ್ಲ. ಮುದುಡಿ ಕೂಡುವುದು, ಜೋರಾಗಿ ಹಲ್ಲು ಕಡಿಯುವುದು, ಹೊಟ್ಟೆಯನ್ನು ನೆಲಕ್ಕೆ ಒತ್ತುವುದು ಇವೇ ಅದರ ಮಾತು. ಒಂದು ನೋಟುಬುಕ್ಕಿನಲ್ಲಿ ಗಂಟೆ, ತಿಂದ ಮೇವು, ಹಾಕಿದ ಹಿಕ್ಕೆ ಎಂದು ಮೂರು ಕಲಂ ಎಳೆದು ಬರೆಯುತ್ತ ಹೋಗಿ. ಹನ್ನೆರಡು ಗಂಟೆಯಾದರೂ ಮೇವಿನ ಕಲಂ ಖಾಲಿಯಿದ್ದರೆ, ಇಲ್ಲವೆ ಹಿಕ್ಕೆ ನಿಂತಿದ್ದರೆ, ನಾಳೆ ನೋಡೋಣವೆನ್ನದೆ ಆಗಲೇ ವೈದ್ಯರಿಗೆ ತಿಳಿಸಬೇಕು. ಹೋಗುವಾಗ ಆ ನೋಟುಬುಕ್ಕನ್ನೂ ಒಯ್ಯಿರಿ. ಮೊಲ ಹೇಳಲಾರದ್ದನ್ನು ಅದು ವೈದ್ಯರಿಗೆ ಹೇಳುತ್ತದೆ.